ಸಂತೋಷ ಸರ್ಕಾರಿ ಕಡತವಾದಾಗ: ಓದುಗರ ಪ್ರಶ್ನೆ, ನಮ್ಮ ಉತ್ತರ

ಪ್ರಜೆಗಳ ಸಂತೋಷವನ್ನು ಸರ್ಕಾರವೇ ಹಿಡಿತಕ್ಕೆ ತೆಗೆದುಕೊಂಡ ಸಮಾಜದ ಬಗ್ಗೆ ಪ್ರಶ್ನೆ ಕಳಿಸಿ ಎಂದು ಕೇಳಿದ್ದೆವು. ಬಂದವುಗಳಲ್ಲಿ ಹೆಚ್ಚಿನವು ಇಂಥ ಕಥೆ, ಕಾದಂಬರಿ ಬರೆಯಲು ಹೊರಟವರವು. ಉಳಿದವು, ಇದೆಲ್ಲ ನಿಜವಾಗಿ ನಡೆಯುತ್ತದೆಯೇ ಎಂದು ಅನುಮಾನಪಟ್ಟವರವು. ಒಂದೇ ಬಗೆಯವನ್ನು ಕೂಡಿಸಿ ಉತ್ತರಿಸಿದ್ದೇವೆ.

ಪ್ರಶ್ನೆ: ನನ್ನ ಕಾದಂಬರಿಯಲ್ಲಿ ಸರ್ಕಾರ ಎಲ್ಲರಿಗೂ ದಿನಕ್ಕೊಂದು ಮಾತ್ರೆ ಕೊಡುತ್ತದೆ, ಎಲ್ಲರೂ ಖುಷಿಯಾಗಿರುತ್ತಾರೆ. ಓದಿದ ಗೆಳೆಯರು ‘ನಂಬೋಕಾಗಲ್ಲ’ ಅಂದರು. ಎಲ್ಲಿ ಎಡವಿದ್ದೇನೆ?

ಉತ್ತರ: ಮಾತ್ರೆಯಲ್ಲಲ್ಲ, ಲೆಕ್ಕದಲ್ಲಿ. ನಿಮ್ಮ ದೇಶದ ಜನಸಂಖ್ಯೆ 1 ಕೋಟಿ ಎಂದಿಟ್ಟುಕೊಳ್ಳಿ. ವರ್ಷಕ್ಕೆ 365 ಕೋಟಿ ಮಾತ್ರೆ. ಅಷ್ಟನ್ನು ತಯಾರಿಸುವುದು ದೊಡ್ಡ ಮಾತಲ್ಲ, ನುಂಗಿಸುವುದು ದೊಡ್ಡ ಮಾತು. ವಿಶ್ವ ಆರೋಗ್ಯ ಸಂಸ್ಥೆಯ 2003ರ ವರದಿಯೊಂದರ ಪ್ರಕಾರ, ಶ್ರೀಮಂತ ದೇಶಗಳಲ್ಲೂ ದೀರ್ಘಕಾಲದ ಕಾಯಿಲೆಗೆ ವೈದ್ಯರು ಹೇಳಿದಂತೆ ಔಷಧಿ ತೆಗೆದುಕೊಳ್ಳುವವರು ಸರಾಸರಿ ಶೇ 50ರಷ್ಟು ಮಾತ್ರ. ಪ್ರಾಣ ಉಳಿಸುವ ಮಾತ್ರೆಯನ್ನೇ ಮರೆಯುವ ಜನ ಸರ್ಕಾರದ ಮಾತ್ರೆಯನ್ನು ನೆನಪಿಟ್ಟು ನುಂಗುತ್ತಾರೆಯೇ?

ಹಾಗಾಗಿ ಎದುರಿಗೆ ನಿಂತು ನುಂಗಿಸಬೇಕಾಗುತ್ತದೆ. ಕ್ಷಯರೋಗಕ್ಕೆ ಆರೋಗ್ಯ ಕಾರ್ಯಕರ್ತರು ಹೀಗೇ ಮಾಡುವ ಪದ್ಧತಿಯಿದೆ. ತಲೆಗೆ 3 ನಿಮಿಷ ಹಿಡಿದರೆ ಒಬ್ಬ ಕಾರ್ಯಕರ್ತ 100 ಜನರಿಗೆ ನುಂಗಿಸಲು 5 ಗಂಟೆ ಬೇಕು, ಓಡಾಟದ ಹೊತ್ತು ಬೇರೆ. 1 ಕೋಟಿ ಜನಕ್ಕೆ 1 ಲಕ್ಷ ಕಾರ್ಯಕರ್ತರು, ರಜೆಯಿಲ್ಲದೆ. ಅವರಿಗೂ ಯಾರೋ ನುಂಗಿಸಬೇಕಲ್ಲ! ಅವರು ಲಂಚ ತಿನ್ನುತ್ತಾರೆ, ನೆರೆಯವರ ಮೇಲೆ ಕನಿಕರಪಡುತ್ತಾರೆ, ಬೇಸತ್ತು ಸುಮ್ಮನೆ ಸಹಿ ಹಾಕುತ್ತಾರೆ. ನಿಮ್ಮ ಕಥೆಯ ಜೀವ ಇರುವುದು ಈ 1 ಲಕ್ಷ ಜನರಲ್ಲಿ.

ಇನ್ನು ಔಷಧಿಯ ಗುಣ. ಖಿನ್ನತೆಗೆ ಕೊಡುವ ಸಾಮಾನ್ಯ ಮಾತ್ರೆಗಳ ಪರಿಣಾಮ ಗೊತ್ತಾಗಲು ಕೆಲವು ವಾರ ಬೇಕು. ಖಿನ್ನತೆಯಿಲ್ಲದವರನ್ನು ಅವು ಖುಷಿಯಲ್ಲಿ ತೇಲಿಸುವುದೂ ಇಲ್ಲ. ತಕ್ಷಣ ಮನಸ್ಸು ಹಗುರ ಮಾಡುವಂಥವು ಬೇರೆ ಜಾತಿಯವು. 1963ರಲ್ಲಿ ಮಾರುಕಟ್ಟೆಗೆ ಬಂದ ವ್ಯಾಲಿಯಂ ಆ ಗುಂಪಿನದು. ಅವುಗಳಿಗೆ ದೇಹ ಒಗ್ಗಿಹೋಗುತ್ತದೆ, ಅದೇ ಪರಿಣಾಮಕ್ಕೆ ಪ್ರಮಾಣ ಏರಿಸುತ್ತಾ ಹೋಗಬೇಕು. ಥಟ್ಟನೆ ನಿಲ್ಲಿಸಿದರೆ ನಿದ್ದೆ ಹಾರುತ್ತದೆ, ಕೈ ನಡುಗುತ್ತದೆ, ಕಾರಣವಿಲ್ಲದ ಭಯ ಅಡರುತ್ತದೆ, ಕೆಲವರಿಗೆ ಸೆಳವೂ ಬರುತ್ತದೆ. ಅಂದರೆ ಒಂದು ಸೇತುವೆ ಕುಸಿದು ಒಂದು ವಾರ ಸರಕು ಬಾರದಿದ್ದರೆ ಇಡೀ ನಗರ ಒಟ್ಟಿಗೆ ಈ ಸ್ಥಿತಿಗೆ ಬೀಳುತ್ತದೆ. ಕ್ರಾಂತಿಕಾರಿ ನಾಯಕನನ್ನು ಸೃಷ್ಟಿಸುವ ಮೊದಲು ಒಬ್ಬ ಗೋದಾಮಿನ ಗುಮಾಸ್ತನನ್ನು ಸೃಷ್ಟಿಸಿ, ಕಥೆ ತಾನೇ ನಡೆಯುತ್ತದೆ.

ಪ್ರಶ್ನೆ: ಇಂಥ ಸರ್ಕಾರ ನಿಯಂತ್ರಿಸುವುದು ನಿಖರವಾಗಿ ಏನನ್ನು? ಸಂತೋಷ ಎಂದರೆ ಎಲ್ಲರಿಗೂ ಒಂದೇ ಅಲ್ಲವಲ್ಲ.

ಉತ್ತರ: ಪದವನ್ನೇ ಬಿಡಿಸಿ ನೋಡಿ. ಬಿಸಿಲಲ್ಲಿ ನಡೆದು ಬಂದು ನೆರಳಲ್ಲಿ ಕೂತರೆ ಸುಖ. ಮಗು ಮೊದಲ ಹೆಜ್ಜೆ ಇಟ್ಟರೆ ಸಂತೋಷ. ಬದುಕನ್ನು ಹಿಂದಿರುಗಿ ನೋಡಿ ‘ಪರವಾಗಿಲ್ಲ, ಸಾಕು’ ಅನ್ನಿಸಿದರೆ ತೃಪ್ತಿ. ರಾತ್ರಿ ಬಾಗಿಲು ತಟ್ಟಿದ ಸದ್ದಿಗೆ ಎದೆ ಝಲ್ಲೆನ್ನದಿದ್ದರೆ ನೆಮ್ಮದಿ. ಸಮೀಕ್ಷೆ ನಡೆಸುವವರೂ ಇವನ್ನು ಬೆರೆಸುವುದಿಲ್ಲ. ಆರ್ಥಿಕ ಸಹಕಾರ ಮತ್ತು ಅಭಿವೃದ್ಧಿ ಸಂಘಟನೆ 2013ರಲ್ಲಿ ಹೊರಡಿಸಿದ ಮಾರ್ಗಸೂಚಿಯಲ್ಲಿ ಬದುಕಿನ ಮೌಲ್ಯಮಾಪನ, ದಿನದಿನದ ಭಾವನೆ, ಬದುಕಿಗೊಂದು ಅರ್ಥವಿದೆ ಎಂಬ ಅನಿಸಿಕೆ, ಈ ಮೂರನ್ನೂ ಬೇರೆಬೇರೆಯಾಗಿ ಅಳೆಯಬೇಕೆಂದಿದೆ.

ಸುಖವನ್ನು ಪಡಿತರದಂತೆ ಹಂಚಬಹುದು. ಸಂತೋಷವನ್ನು ಜನರೇ ನಟಿಸಿ ತೋರಿಸುತ್ತಾರೆ. ತೃಪ್ತಿಯನ್ನು ನಮೂನೆಯಲ್ಲಿ ಬರೆಸಿಕೊಳ್ಳಬಹುದು. ನೆಮ್ಮದಿಯ ಮೇಲೆ ಮಾತ್ರ ಕಣ್ಣಿಟ್ಟ ಕ್ಷಣವೇ ಅದು ಇರುವುದಿಲ್ಲ, ಏಕೆಂದರೆ ಯಾರೋ ಕಣ್ಣಿಟ್ಟಿಲ್ಲ ಎಂಬುದೇ ಅದರ ಅರ್ಧ ಭಾಗ. ನಿಮ್ಮ ಕಾಲ್ಪನಿಕ ಸರ್ಕಾರ ಈ ನಾಲ್ಕರಲ್ಲಿ ಯಾವುದನ್ನು ಅಳೆಯುತ್ತದೆ, ಯಾವುದನ್ನು ಅಳೆದೆನೆಂದು ಹೇಳಿಕೊಳ್ಳುತ್ತದೆ ಎಂಬುದನ್ನು ಮೊದಲ ಪುಟ ಬರೆಯುವ ಮುಂಚೆಯೇ ತೀರ್ಮಾನಿಸಿ. ಎರಡೂ ಒಂದೇ ಆಗಿದ್ದರೆ ಕಥೆಯಲ್ಲಿ ಬಿರುಕಿಗೆ ಜಾಗವಿರುವುದಿಲ್ಲ.

ಪ್ರಶ್ನೆ: ಸಂತೋಷವನ್ನು ಅಂಕಿಯಲ್ಲಿ ಅಳೆಯುವುದು ಹೇಗೆ? ಆ ಅಂಕಿಯನ್ನು ತಿರುಚುವುದು ಎಷ್ಟು ಸುಲಭ?

ಉತ್ತರ: ಅಳೆಯುವುದು ಸರಳ. ಒಂದು ಏಣಿಯನ್ನು ಕಲ್ಪಿಸಿಕೊಳ್ಳಿ, ತುದಿಯಲ್ಲಿ ನಿಮಗೆ ಸಾಧ್ಯವಿರುವ ಅತ್ಯುತ್ತಮ ಬದುಕು 10, ಬುಡದಲ್ಲಿ ಅತಿ ಕೆಟ್ಟದ್ದು 0, ಈಗ ಯಾವ ಮೆಟ್ಟಿಲಲ್ಲಿದ್ದೀರಿ ಎಂದು ಕೇಳುತ್ತಾರೆ. ಅಮೆರಿಕದ ಮನಶ್ಶಾಸ್ತ್ರಜ್ಞ ಹ್ಯಾಡ್ಲಿ ಕ್ಯಾಂಟ್ರಿಲ್ 1965ರಲ್ಲಿ ಪ್ರಚುರಪಡಿಸಿದ ಏಣಿ ಇದು. 2012ರಿಂದ ಬರುತ್ತಿರುವ ವಿಶ್ವ ಸಂತೋಷ ವರದಿಯ ದೇಶವಾರು ಪಟ್ಟಿ ನಿಂತಿರುವುದೂ ಇದೇ ಒಂದು ಪ್ರಶ್ನೆಯ ಮೇಲೆ. ಪ್ರತಿ ದೇಶದಲ್ಲೂ ವರ್ಷಕ್ಕೆ ಸುಮಾರು 1,000 ಜನರನ್ನು ಕೇಳಿ, ಮೂರು ವರ್ಷದ ಸರಾಸರಿ ತೆಗೆಯುತ್ತಾರೆ.

ತಿರುಚುವುದು ಅದಕ್ಕಿಂತ ಸರಳ. ಒಂದೂ ಸುಳ್ಳು ಹೇಳದೆ ಮಾಡಬಹುದಾದ ಎರಡು ಉಪಾಯಗಳನ್ನು ಮಾತ್ರ ಹೇಳುತ್ತೇವೆ.

ಒಂದು, ಪ್ರಶ್ನೆಗಳ ಸರದಿ. ಅಮೆರಿಕದಲ್ಲಿ ನಡೆಯುತ್ತಿದ್ದ ದೈನಂದಿನ ಸಮೀಕ್ಷೆಯೊಂದರ ಅಂಕಿಗಳನ್ನು ಅರ್ಥಶಾಸ್ತ್ರಜ್ಞ ಆಂಗಸ್ ಡೀಟನ್ ಜಾಲಾಡಿದಾಗ ಬೆರಗಿನ ಸಂಗತಿ ಸಿಕ್ಕಿತು. ಏಣಿಯ ಪ್ರಶ್ನೆಗೆ ಮೊದಲು ರಾಜಕೀಯದ ಪ್ರಶ್ನೆ ಕೇಳಿದರೆ ಸರಾಸರಿ ಅರ್ಧ ಮೆಟ್ಟಿಲಿಗಿಂತ ಹೆಚ್ಚು ಕೆಳಗಿಳಿಯುತ್ತಿತ್ತು. ದೇಶ ಹೇಗೆ ನಡೆಯುತ್ತಿದೆ ಎಂದು ಕೇಳಿಸಿಕೊಂಡ ಮನಸ್ಸು ಅದೇ ಕಹಿಯಲ್ಲಿ ತನ್ನ ಬದುಕನ್ನೂ ತೂಗಿತ್ತು. ಇದನ್ನು ತಿರುಗಿಸಿ ನೋಡಿ: ನಿಮ್ಮ ಸಂತೋಷ ಸಚಿವರು ಒಂದು ಪ್ರಶ್ನೆಯನ್ನು ಪತ್ರಿಕೆಯಿಂದ ಕಿತ್ತರೆ ಸಾಕು, ದೇಶ ರಾತ್ರೋರಾತ್ರಿ ಹೆಚ್ಚು ಸಂತುಷ್ಟವಾಗುತ್ತದೆ. ಯಾರ ಬದುಕಿನಲ್ಲೂ ಏನೂ ಬದಲಾಗಿರುವುದಿಲ್ಲ.

ಎರಡು, ಯಾರನ್ನು ಎಣಿಸಬೇಕು ಎಂಬುದು. 100 ಜನರಲ್ಲಿ 80 ಮಂದಿ 7 ಅಂಕ, 20 ಮಂದಿ 3 ಅಂಕ ಕೊಟ್ಟರೆ ಸರಾಸರಿ 6.2. ಆ 20 ಮಂದಿಯನ್ನು ‘ಚಿಕಿತ್ಸೆಯಲ್ಲಿರುವವರು’ ಎಂಬ ಬೇರೆ ಪಟ್ಟಿಗೆ ಸೇರಿಸಿ, ಸರಾಸರಿ 7 ಆಗುತ್ತದೆ. ಸಚಿವಾಲಯದ ವಾರ್ಷಿಕ ವರದಿಯಲ್ಲಿ ಇದು ಶೇ 13ರ ಪ್ರಗತಿ. ನಿಮ್ಮ ಕಥೆಯಲ್ಲಿ ಭಯ ಹುಟ್ಟಿಸಬೇಕಾದದ್ದು ಚಾಟಿಯೇಟಲ್ಲ, ಈ ಭಾಗಾಕಾರ.

ಪ್ರಶ್ನೆ: ಹಾಗಾದರೆ ಸಂತೋಷವನ್ನೇ ದೇಶದ ಅಳತೆಗೋಲಾಗಿಸಿಕೊಂಡ ಭೂತಾನ್?

ಉತ್ತರ: ಭೂತಾನನ್ನು ಡಿಸ್ಟೋಪಿಯಾ, ಅಂದರೆ ದುಃಸ್ವಪ್ನದಂಥ ಸಮಾಜ, ಎನ್ನುವುದು ಅನ್ಯಾಯ, ಸ್ವರ್ಗ ಎನ್ನುವುದೂ ಅಷ್ಟೇ. ಅಲ್ಲಿನ ಒಟ್ಟು ರಾಷ್ಟ್ರೀಯ ಸಂತೋಷದ ಸೂಚ್ಯಂಕ ಏಣಿಯಂತೆ ಒಂದೇ ಪ್ರಶ್ನೆಯದಲ್ಲ. 9 ಕ್ಷೇತ್ರ, 33 ಸೂಚಕ. ನಿದ್ದೆ ಎಷ್ಟು ಗಂಟೆ, ನೆರೆಯವರ ಮೇಲೆ ನಂಬಿಕೆ ಎಷ್ಟು, ಕಾಡುಪ್ರಾಣಿಗಳಿಂದ ಬೆಳೆಹಾನಿ ಎಷ್ಟು ಎಂಬುದೂ ಅದರಲ್ಲಿ ಬರುತ್ತದೆ. ತೂಕದ ಲೆಕ್ಕದಲ್ಲಿ ಶೇ 66ರಷ್ಟಾದರೂ ಸೂಚಕಗಳಲ್ಲಿ ಸಾಕಷ್ಟು ಮಟ್ಟ ಮುಟ್ಟಿದವರನ್ನು ಸಂತುಷ್ಟರೆಂದು ಎಣಿಸುತ್ತಾರೆ. 2008ರ ಸಂವಿಧಾನದ ಮಾತೂ ಎಚ್ಚರದ್ದು: ಸಂತೋಷವನ್ನು ಕೊಡುತ್ತೇವೆ ಎಂದಿಲ್ಲ, ಅದನ್ನು ಅರಸಲು ಬೇಕಾದ ಪರಿಸ್ಥಿತಿ ಒದಗಿಸಲು ಯತ್ನಿಸುತ್ತೇವೆ ಎಂದಿದೆ.

ಆದರೆ ಅದೇ ದೇಶದಿಂದ 1990ರ ದಶಕದ ಆರಂಭದಲ್ಲಿ ನೇಪಾಳಿ ಭಾಷಿಕರಾದ ಲ್ಹೊತ್ಸಂಪಾ ಜನ ಹೊರಬೀಳಬೇಕಾಯಿತು. ನೇಪಾಳದ ಶಿಬಿರಗಳಲ್ಲಿ 1 ಲಕ್ಷಕ್ಕೂ ಹೆಚ್ಚು ಮಂದಿ ಇದ್ದರು. ಸಮೀಕ್ಷೆಯ ಪ್ರಶ್ನೆಗಳು ಗಡಿಯೊಳಗಿನವರಿಗೆ ಮಾತ್ರ. ಹಿಂದಿನ ಉತ್ತರದ ಎರಡನೇ ಉಪಾಯವನ್ನು ಯಾರೂ ಉಪಾಯವಾಗಿ ಬಳಸಬೇಕಿಲ್ಲ, ಅದು ತಾನಾಗಿಯೂ ಆಗಿಬಿಡುತ್ತದೆ.

ಪ್ರಶ್ನೆ: ಸಂತೋಷಕ್ಕೆಂದೇ ಸಚಿವಾಲಯ ಎಲ್ಲಾದರೂ ಇತ್ತೇ, ಅಥವಾ ಅದು ಬರೀ ಕಲ್ಪನೆಯೇ?

ಉತ್ತರ: ಇತ್ತು. ವೆನೆಜುವೆಲಾ 2013ರ ಅಕ್ಟೋಬರಿನಲ್ಲಿ ‘ಪರಮ ಸಾಮಾಜಿಕ ಸಂತೋಷ’ಕ್ಕೆ ಉಪಸಚಿವಾಲಯ ತೆರೆಯಿತು. ಸಂಯುಕ್ತ ಅರಬ್ ಎಮಿರೇಟ್ಸ್ 2016ರಲ್ಲಿ ಸಂತೋಷಕ್ಕೆ ರಾಜ್ಯ ಸಚಿವೆಯನ್ನು ನೇಮಿಸಿತು. ಹೆಸರು ಕೇಳಿ ನಗು ಬಂದರೂ, ಇವುಗಳ ಕೆಲಸ ಕಲ್ಯಾಣ ಯೋಜನೆಗಳ ಸಮನ್ವಯ, ಸರ್ಕಾರಿ ಸೇವೆಯ ಗುಣಮಟ್ಟ ಇಂಥವೇ ಆಗಿದ್ದವು.

ಪ್ರಶ್ನೆ: ಕ್ಯಾಮೆರಾ ಮುಖ ನೋಡಿ ದುಃಖಿತರನ್ನು ಹಿಡಿಯುವ ವ್ಯವಸ್ಥೆ ಇಟ್ಟಿದ್ದೇನೆ. ಹುಸಿನಗೆಯನ್ನು ಯಂತ್ರ ಪತ್ತೆ ಮಾಡಬಲ್ಲದೇ?

ಉತ್ತರ: ಫ್ರಾನ್ಸಿನ ವೈದ್ಯ ದುಶೆನ್ 1862ರಲ್ಲೇ ಇದರ ಸುಳಿವು ಕೊಟ್ಟಿದ್ದ. ತುಟಿಯಂಚನ್ನು ಮೇಲೆಳೆಯುವ ಸ್ನಾಯು ನಮ್ಮ ಮಾತು ಕೇಳುತ್ತದೆ, ಕಣ್ಣಿನ ಸುತ್ತಲಿನ ಸ್ನಾಯು ಸುಲಭವಾಗಿ ಕೇಳುವುದಿಲ್ಲ. ಹಾಗಾಗಿ ಕಣ್ಣಂಚು ಸುಕ್ಕಾದರೆ ನಿಜವಾದ ನಗು ಎಂಬುದು ಹಳೆಯ ನಂಬಿಕೆ. ಆದರೆ ಬೇಕೆಂದಾಗ ಕಣ್ಣನ್ನೂ ನಗಿಸಬಲ್ಲವರು ಎಷ್ಟೋ ಮಂದಿ ಇದ್ದಾರೆ. ನಗದಿದ್ದರೆ ಪಡಿತರ ಇಲ್ಲ ಎಂದಾದರೆ ಉಳಿದವರೂ ಕಲಿಯುತ್ತಾರೆ, ಕಲಿಸುವ ಗುಟ್ಟಿನ ಪಾಠಶಾಲೆಗಳೂ ಹುಟ್ಟುತ್ತವೆ.

ಅದಕ್ಕಿಂತ ಮೂಲದ ತೊಂದರೆಯೊಂದಿದೆ. ಮನಶ್ಶಾಸ್ತ್ರಜ್ಞೆ ಲೀಸಾ ಫೆಲ್ಡ್‌ಮನ್ ಬ್ಯಾರೆಟ್ ಮತ್ತು ಸಂಗಡಿಗರು 2019ರಲ್ಲಿ ಇಂಥ ಸಂಶೋಧನೆಗಳನ್ನೆಲ್ಲ ಒಟ್ಟಿಗೆ ಪರಿಶೀಲಿಸಿದರು. ಕೋಪ ಬಂದಾಗ ಜನ ಹುಬ್ಬು ಗಂಟಿಕ್ಕುವುದು ಸರಾಸರಿ ಶೇ 30ರಷ್ಟು ಸಲ ಮಾತ್ರ ಎಂದು ಕಂಡಿತು. ಲೆಕ್ಕ ಬಿಡಿಸುವಾಗಲೂ ನಾವು ಗಂಟಿಕ್ಕುತ್ತೇವೆ. ಯಂತ್ರಕ್ಕೆ ಕಾಣುವುದು ಸ್ನಾಯು, ಮನಸ್ಸಲ್ಲ.

ಯಂತ್ರ ಅದ್ಭುತವಾಗಿದೆ, ಶೇ 90 ಸರಿ ಹೇಳುತ್ತದೆ ಎಂದೇ ಇಟ್ಟುಕೊಳ್ಳೋಣ. 1 ಕೋಟಿ ಜನರಲ್ಲಿ 1 ಲಕ್ಷ ಮಂದಿ ನಿಜಕ್ಕೂ ದುಃಖದಲ್ಲಿದ್ದಾರೆ. ಯಂತ್ರ ಅವರಲ್ಲಿ 90,000 ಜನರನ್ನು ಹಿಡಿಯುತ್ತದೆ. ಉಳಿದ 99 ಲಕ್ಷ ಜನರಲ್ಲಿ ಶೇ 10, ಅಂದರೆ 9.9 ಲಕ್ಷ ಮಂದಿಯನ್ನು ಸುಮ್ಮಸುಮ್ಮನೆ ಹಿಡಿಯುತ್ತದೆ. ಒಟ್ಟು 10.8 ಲಕ್ಷ. ಹಿಡಿದ 12 ಮಂದಿಯಲ್ಲಿ ದುಃಖಿತ ಒಬ್ಬನೇ, ಇನ್ನು 11 ಮಂದಿ ನಿದ್ದೆಗೆಟ್ಟವರು, ಹಲ್ಲುನೋವಿನವರು, ಹುಟ್ಟಿನಿಂದಲೇ ಮುಖ ಬಾಡಿದಂತೆ ಕಾಣುವವರು. ಅವರಿಗೂ ನೋಟಿಸು ಹೋಗುತ್ತದೆ. ನೋಟಿಸು ಸಿಕ್ಕಮೇಲೆ ಅವರೂ ದುಃಖಿತರೇ, ಯಂತ್ರದ ಮಾತು ನಿಜವಾಗಿಬಿಡುತ್ತದೆ. ನಿಮ್ಮ ಕಥೆಗೆ ಇದಕ್ಕಿಂತ ಒಳ್ಳೆಯ ತಿರುವು ನಮಗೆ ತೋಚದು.

ಅಂದಹಾಗೆ, ಐರೋಪ್ಯ ಒಕ್ಕೂಟ ಕೆಲಸದ ಜಾಗ ಮತ್ತು ಶಿಕ್ಷಣ ಸಂಸ್ಥೆಗಳಲ್ಲಿ ಜನರ ಭಾವನೆ ಊಹಿಸುವ ಕೃತಕ ಬುದ್ಧಿಮತ್ತೆಯನ್ನು 2025ರ ಫೆಬ್ರುವರಿ 2ರಿಂದ ನಿಷೇಧಿಸಿದೆ. ವೈದ್ಯಕೀಯ ಮತ್ತು ಸುರಕ್ಷತೆಯ ಕಾರಣಗಳಿಗೆ ವಿನಾಯಿತಿ ಇದೆ. ಕಥೆಗಾರರ ಗಮನಕ್ಕೆ: ‘ಸುರಕ್ಷತೆ’ ಎಂಬ ಆ ಪದ ಎಷ್ಟು ದೂರ ಹಿಗ್ಗಬಲ್ಲದು ಎಂಬುದು ನಿಮ್ಮ ಕಾಲ್ಪನಿಕ ದೇಶದ ವಕೀಲರಿಗೆ ಬಿಟ್ಟ ಪ್ರಶ್ನೆ.

ಪ್ರಶ್ನೆ: ಮಾತ್ರೆ, ಕ್ಯಾಮೆರಾ ಎಲ್ಲ ಏಕೆ? ಫೋನಿನಲ್ಲಿ ಒಳ್ಳೆಯ ಸುದ್ದಿ ಮಾತ್ರ ತೋರಿಸಿದರೆ ಸಾಲದೇ?

ಉತ್ತರ: ಹೆಚ್ಚುಕಡಿಮೆ ಇದನ್ನೇ ಮಾಡಿ ನೋಡಿದ್ದಾರೆ. 2012ರ ಜನವರಿಯಲ್ಲಿ ಫೇಸ್‌ಬುಕ್ ಒಂದು ವಾರ 6,89,003 ಬಳಕೆದಾರರ ಪುಟದಲ್ಲಿ ಕೆಲವರಿಗೆ ಸಂತೋಷದ, ಕೆಲವರಿಗೆ ದುಃಖದ ಬರಹಗಳನ್ನು ಕಡಿಮೆ ಮಾಡಿತು. ಅವರಿಗೆ ತಿಳಿಸಿರಲಿಲ್ಲ. ಫಲಿತಾಂಶ 2014ರಲ್ಲಿ ಪ್ರಕಟವಾದಾಗ ದೊಡ್ಡ ಗಲಾಟೆಯಾಯಿತು. ಗಲಾಟೆಯಲ್ಲಿ ಹೆಚ್ಚಿನವರು ಗಮನಿಸದೇ ಹೋದದ್ದು ಪರಿಣಾಮದ ಗಾತ್ರವನ್ನು. ಸಂತೋಷದ ಬರಹ ಕಡಿಮೆ ಕಂಡವರು ತಾವು ಬರೆಯುವಾಗ ಬಳಸಿದ ಸಂತಸದ ಪದಗಳು ಸಾವಿರಕ್ಕೊಂದರಷ್ಟು ಇಳಿದವು, ಅಷ್ಟೇ. ಒಬ್ಬ ವ್ಯಕ್ತಿಯ ಮಟ್ಟಿಗೆ ಅದು ಏನೇನೂ ಅಲ್ಲ. ಸುದ್ದಿ ಸೋಸಿ ಜನರನ್ನು ಖುಷಿಪಡಿಸುವುದು ಕಷ್ಟ. ಆದರೆ ಬೇರೆಯವರೆಲ್ಲ ಖುಷಿಯಾಗಿದ್ದಾರೆ, ಸಂಕಟ ನನ್ನೊಬ್ಬನದೇ ಎಂದು ನಂಬಿಸುವುದು ಸುಲಭ. ಆಳುವವರಿಗೆ ಬೇಕಾಗುವುದೂ ಇದೇ. ಏಕೆ ಎಂಬುದನ್ನು ಕೊನೆಯಿಂದ ಎರಡನೇ ಉತ್ತರದಲ್ಲಿ ನೋಡಿ.

ಪ್ರಶ್ನೆ: ಇತಿಹಾಸದಲ್ಲಿ ಸರ್ಕಾರವೇ ಸಂತೋಷ ಹಂಚಿದ ಉದಾಹರಣೆ ಬೇಕು. ಪ್ರಬಂಧಕ್ಕಾಗಿ.

ಉತ್ತರ: ಎರಡು ಕೊಡುತ್ತೇವೆ.

ನಾಜಿ ಜರ್ಮನಿ 1933ರ ಮೇ 2ರಂದು ಸ್ವತಂತ್ರ ಕಾರ್ಮಿಕ ಸಂಘಗಳನ್ನು ಮುಗಿಸಿತು. ಅದೇ ನವೆಂಬರಿನಲ್ಲಿ ‘ಕ್ರಾಫ್ಟ್ ದುರ್ಖ್ ಫ್ರಾಯ್ಡ’, ಅಂದರೆ ‘ಸಂತೋಷದಿಂದ ಶಕ್ತಿ’ ಎಂಬ ಸಂಸ್ಥೆ ಹುಟ್ಟಿತು. ಕಾರ್ಮಿಕರಿಗೆ ಅಗ್ಗದ ಪ್ರವಾಸ, ನಾಟಕ, ಸಂಗೀತ, ಹಡಗುಯಾನ. ಕೂಲಿಯ ಚೌಕಾಸಿ ಹೋಯಿತು, ವಿಹಾರ ಬಂತು. 1938ರಲ್ಲಿ ಕಾರಿನ ಯೋಜನೆ ಶುರುವಾಯಿತು. ಬೆಲೆ 990 ರೈಖ್ಸ್‌ಮಾರ್ಕ್. ವಾರಕ್ಕೆ 5 ಮಾರ್ಕಿನ ಚೀಟಿ ಕೊಂಡು ಪುಸ್ತಕಕ್ಕೆ ಅಂಟಿಸುತ್ತಾ ಹೋಗಬೇಕು. ಲೆಕ್ಕ ಹಾಕಿ, 198 ವಾರ, ನಾಲ್ಕು ವರ್ಷಕ್ಕೆ ಸ್ವಲ್ಪ ಕಡಿಮೆ. ಸುಮಾರು 3,36,000 ಮಂದಿ ಕಟ್ಟಿದರು. ಯುದ್ಧ ಬಂತು, ಕಾರ್ಖಾನೆ ಸೇನೆಯ ವಾಹನ ಮಾಡಿತು, ಕಟ್ಟಿದವರಲ್ಲಿ ಒಬ್ಬರಿಗೂ ಆ ಯೋಜನೆಯಲ್ಲಿ ಕಾರು ಸಿಗಲಿಲ್ಲ. ಇಲ್ಲಿ ಹಂಚಿದ್ದು ಸಂತೋಷವನ್ನಲ್ಲ, ಅದರ ನಿರೀಕ್ಷೆಯನ್ನು. ಹಣ ಕಟ್ಟಿದವನು ಕಾಯುತ್ತಾನೆ, ಕಾಯುವವನು ಎದುರಾಡಲು ಹಿಂದೆಮುಂದೆ ನೋಡುತ್ತಾನೆ.

ಇನ್ನೊಂದು ಸೋವಿಯತ್ ಒಕ್ಕೂಟದ್ದು. ಬದುಕು ಉತ್ತಮವಾಗಿದೆ, ಹೆಚ್ಚು ಹರ್ಷದಿಂದ ಕೂಡಿದೆ ಎಂದು ಸ್ಟಾಲಿನ್ 1935ರ ನವೆಂಬರಿನಲ್ಲಿ ಸಾರಿದ್ದ, ಆ ಮಾತು ಘೋಷವಾಕ್ಯವಾಯಿತು. 1937ರ ಜನವರಿಯ ಜನಗಣತಿಯಲ್ಲಿ ಎಣಿಕೆಗೆ ಸಿಕ್ಕವರು ಸುಮಾರು 16.2 ಕೋಟಿ, ನಾಯಕರು ನಿರೀಕ್ಷಿಸಿದ್ದಕ್ಕಿಂತ ಎಷ್ಟೋ ಕಡಿಮೆ. ಕ್ಷಾಮದಲ್ಲಿ ಸತ್ತವರು ಲೆಕ್ಕದಲ್ಲಿ ಕಂಡುಬಿಟ್ಟಿದ್ದರು. ಗಣತಿಯನ್ನೇ ರದ್ದು ಮಾಡಿದರು, ನಡೆಸಿದ ಹಿರಿಯ ಅಧಿಕಾರಿಗಳನ್ನು ಬಂಧಿಸಿದರು, 1939ರಲ್ಲಿ ಮತ್ತೆ ಎಣಿಸಿದರು. ಮುಂದಿನ ದಶಕಗಳಲ್ಲಿ ವ್ಯವಸ್ಥೆಯನ್ನು ಟೀಕಿಸಿದವರಿಗೆ ‘ಜಡಗತಿಯ ಸ್ಕಿಜೋಫ್ರೇನಿಯಾ’ ಎಂಬ ಕಾಯಿಲೆಯ ಹೆಸರು ಕಟ್ಟಿ ಆಸ್ಪತ್ರೆಗೆ ತಳ್ಳಿದ ಪ್ರಕರಣಗಳು ಜಗಜ್ಜಾಹೀರಾದವು. ಸುಧಾರಣೆಯ ಹಂಬಲವೇ ರೋಗದ ಲಕ್ಷಣವಾಗಿತ್ತು. ಹೊರಹಾಕುವ ಸೂಚನೆ ಸಿಕ್ಕಿ, ಸೋವಿಯತ್ ಮನೋವೈದ್ಯರ ಸಂಘ 1983ರಲ್ಲಿ ವಿಶ್ವ ಸಂಘದಿಂದ ತಾನೇ ಹೊರನಡೆಯಿತು.

ಪ್ರಶ್ನೆ: ಸಂತೋಷ ಸಚಿವಾಲಯದ ಅಧಿಕಾರಿಗಳಿಗೆ ನಿಜಸ್ಥಿತಿ ಗೊತ್ತಿರುತ್ತದೆಯೇ?

ಉತ್ತರ: ಕೆಳಗಿನವರಿಗೆ ಗೊತ್ತಿರುತ್ತದೆ, ಮೇಲಿನವರಿಗೆ ಇಲ್ಲ. ಹಳ್ಳಿಯಿಂದ ರಾಜಧಾನಿಗೆ ವರದಿ ಹೋಗಲು ಐದು ಮೇಜು ದಾಟಬೇಕು ಎಂದುಕೊಳ್ಳಿ. ಪ್ರತಿ ಮೇಜಿನವನೂ ತನ್ನ ಕುರ್ಚಿಯ ಕ್ಷೇಮಕ್ಕೆ ಬರೀ ಶೇ 5 ಸೇರಿಸುತ್ತಾನೆ. ಹಳ್ಳಿಯ 6 ಅಂಕ ರಾಜಧಾನಿ ಮುಟ್ಟುವಾಗ 7.66 ಆಗಿರುತ್ತದೆ. ಯಾರೊಬ್ಬರೂ ದೊಡ್ಡ ಸುಳ್ಳು ಹೇಳಲಿಲ್ಲ.

ಚೀನಾದಲ್ಲಿ 1958ರಲ್ಲಿ ಧಾನ್ಯದ ವಿಷಯದಲ್ಲಿ ನಡೆದದ್ದು ಇದೇ. ಮೊದಲು ಘೋಷಿಸಿದ್ದು 37.5 ಕೋಟಿ ಟನ್, ಆಮೇಲೆ ಇಳಿಸಿದ್ದು 25 ಕೋಟಿಗೆ, ನಿಜವಾಗಿ ಬೆಳೆದದ್ದು ಸುಮಾರು 20 ಕೋಟಿ. ಕಾಗದದ ಮೇಲಿದ್ದ ಧಾನ್ಯದ ಲೆಕ್ಕದಲ್ಲಿ ಹಳ್ಳಿಗಳಿಂದ ಲೇವಿ ಎತ್ತಿದರು, ಭೀಕರ ಕ್ಷಾಮ ಬಂತು. ಅಳತೆಗೋಲನ್ನೇ ಗುರಿಯಾಗಿಸಿದರೆ ಅದು ಅಳತೆಗೋಲಾಗಿ ಉಳಿಯುವುದಿಲ್ಲ ಎಂಬುದನ್ನು ಈಗ ಗುಡ್‌ಹಾರ್ಟ್ ನಿಯಮ ಎನ್ನುತ್ತಾರೆ, ಬ್ರಿಟನ್ನಿನ ಅರ್ಥಶಾಸ್ತ್ರಜ್ಞ ಚಾರ್ಲ್ಸ್ ಗುಡ್‌ಹಾರ್ಟ್ 1975ರಲ್ಲಿ ಬರೆದದ್ದರಿಂದ ಬಂದ ಹೆಸರು. ಧಾನ್ಯವನ್ನಾದರೂ ಗೋದಾಮಿಗೆ ಹೋಗಿ ತೂಗಬಹುದು. ಸಂತೋಷದ ಗೋದಾಮು ಎಲ್ಲಿದೆ? ಹಾಗಾಗಿ ನಿಮ್ಮ ಸರ್ವಾಧಿಕಾರಿಯನ್ನು ಕುತಂತ್ರಿಯಾಗಿ ಮಾಡುವುದಕ್ಕಿಂತ, ತನ್ನ ಅಂಕಿಗಳನ್ನು ತಾನೇ ನಂಬಿದವನನ್ನಾಗಿ ಮಾಡಿ. ಅವನು ಹೆಚ್ಚು ಅಪಾಯಕಾರಿ.

ಪ್ರಶ್ನೆ: ದುಃಖ ತೋರಿಸಿಕೊಳ್ಳುವುದೇ ಅಪರಾಧವಾದರೆ ಮನೆಯೊಳಗೆ ಏನಾಗುತ್ತದೆ?

ಉತ್ತರ: ಕಥೆಗಾರರು ಇಲ್ಲಿ ಸಾಮಾನ್ಯವಾಗಿ ಕಲ್ಲಾಗಿಹೋದ ಜನರನ್ನು ತೋರಿಸುತ್ತಾರೆ. ತಪ್ಪು. ಭಾವನೆ ಅದುಮಿದರೆ ಸಾಯುವುದಿಲ್ಲ. ಮನಶ್ಶಾಸ್ತ್ರಜ್ಞರಾದ ಜೇಮ್ಸ್ ಗ್ರಾಸ್ ಮತ್ತು ರಾಬರ್ಟ್ ಲೆವೆನ್ಸನ್ 1997ರ ಪ್ರಯೋಗದಲ್ಲಿ ಕೆಲವರಿಗೆ ಮುಖದಲ್ಲಿ ಏನೂ ತೋರಿಸದೆ ಚಿತ್ರ ನೋಡಲು ಹೇಳಿದರು. ನಗು ತಡೆದವರಿಗೆ ಮೋಜು ಕಡಿಮೆಯಾಯಿತು. ದುಃಖ ತಡೆದವರ ದುಃಖ ಒಂದಿಷ್ಟೂ ಕಡಿಮೆಯಾಗಲಿಲ್ಲ, ಹೃದಯ ಮತ್ತು ರಕ್ತನಾಳಗಳ ಮೇಲಿನ ಒತ್ತಡ ಮಾತ್ರ ಏರಿತು. 2003ರ ಇನ್ನೊಂದು ಅಧ್ಯಯನದಲ್ಲಿ ಭಾವನೆ ಬಚ್ಚಿಟ್ಟುಕೊಂಡು ಮಾತಾಡುತ್ತಿದ್ದವರ ಎದುರು ಕೂತವರ ರಕ್ತದೊತ್ತಡವೂ ಏರಿತ್ತು. ಅಂದರೆ ಒಬ್ಬಳು ಅಳು ನುಂಗಿಕೊಂಡರೆ, ಏನಾಗಿದೆ ಎಂದು ತಿಳಿಯದ ಗಂಡನ ಎದೆಯೂ ಹೊಡೆದುಕೊಳ್ಳುತ್ತದೆ. ನೆನಪಿನ ಮೇಲೂ ಹೊಡೆತವಿದೆ: ಮುಖ ಕಾಯುವುದರಲ್ಲಿ ಮುಳುಗಿದವರಿಗೆ ಆಗ ಆಡಿದ ಮಾತುಗಳು ಅಷ್ಟಾಗಿ ನೆನಪಿರುವುದಿಲ್ಲ.

ಇದನ್ನೆಲ್ಲ ಕೂಡಿಸಿದರೆ ಸಿಗುವುದು ಕಲ್ಲಿನ ಜನರಲ್ಲ. ಸದಾ ಸುಸ್ತಾದ, ಮರೆಗುಳಿಗಳಾದ, ಒಬ್ಬರನ್ನೊಬ್ಬರು ಕಂಡರೆ ಕಾರಣವಿಲ್ಲದೆ ಸಿಡುಕುವ, ಮುಖ ಮಾತ್ರ ನಗುತ್ತಿರುವ ಜನ. ಭಾಷೆಯೂ ಅಡ್ಡದಾರಿ ಹಿಡಿಯುತ್ತದೆ. ‘ದುಃಖ’ ಪದವನ್ನು ನಿಷೇಧಿಸಿದರೆ ‘ಇವತ್ತು ಮೋಡ ಕವಿದಿದೆ’ ಎನ್ನುತ್ತಾರೆ. ಅದನ್ನೂ ನಿಷೇಧಿಸಿದರೆ ಹವಾಮಾನ ವರದಿ ಓದುವವನು ಕಷ್ಟಕ್ಕೆ ಸಿಕ್ಕುತ್ತಾನೆ. ಅಳು ಬಂದವರು ‘ಕಣ್ಣಿಗೆ ಹೊಗೆ ಹೋಯ್ತು’ ಎನ್ನುತ್ತಾರೆ, ಹೊಗೆಯಾಡುವ ಒಲೆಗೆ ದಿಢೀರನೆ ಬೇಡಿಕೆ ಹೆಚ್ಚುತ್ತದೆ. ಇಂಥ ಸಣ್ಣ ವಿವರಗಳನ್ನು ಹತ್ತು ಪುಟಕ್ಕೊಂದರಂತೆ ಇಟ್ಟರೆ ಸಾಕು, ಭಾಷಣ ಬೇಡ.

ಪ್ರಶ್ನೆ: ಎಲ್ಲರೂ ನಿಜವಾಗಿಯೂ ಸಂತೋಷವಾಗಿದ್ದರೆ ಅದರಲ್ಲಿ ತಪ್ಪೇನು? ವಾದಕ್ಕೆ ಕೇಳುತ್ತಿದ್ದೇನೆ.

ಉತ್ತರ: ತತ್ತ್ವಜ್ಞಾನಿ ರಾಬರ್ಟ್ ನೋಜಿಕ್ 1974ರಲ್ಲಿ ಇದೇ ಪ್ರಶ್ನೆಯನ್ನು ಯಂತ್ರವಾಗಿಸಿದ: ಬೇಕಾದ ಅನುಭವವನ್ನೆಲ್ಲ ಕೊಡುವ ತೊಟ್ಟಿಯೊಳಗೆ ಜೀವಮಾನವಿಡೀ ತೇಲಲು ಒಪ್ಪುತ್ತೀರಾ? ಒಪ್ಪುವುದಿಲ್ಲ ಎಂಬುದು ಅವನ ಊಹೆ. ಆದರೆ 2010ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ ಫೆಲಿಪೆ ಡಿ ಬ್ರಿಗಾರ್ಡ್ ಪ್ರಶ್ನೆಯನ್ನು ತಿರುವಿ, ನೀವು ಈಗಾಗಲೇ ಯಂತ್ರದೊಳಗಿದ್ದೀರಿ, ಹೊರಬರುತ್ತೀರಾ ಎಂದು ಕೇಳಿದಾಗ ಸರಿಸುಮಾರು ಅರ್ಧ ಜನ ಇಲ್ಲೇ ಇರುತ್ತೇವೆ ಎಂದರು. ಹಾಗಾಗಿ ‘ಮನುಷ್ಯನಿಗೆ ಸತ್ಯವೇ ಬೇಕು’ ಎಂಬ ವಾದದ ಮೇಲೆ ಕಾದಂಬರಿ ಕಟ್ಟಬೇಡಿ, ಅದು ಅಷ್ಟು ಗಟ್ಟಿಯಲ್ಲ.

ಆಡಳಿತದ ಕಡೆಯಿಂದ ನೋಡಿ. 1954ರಲ್ಲಿ ಓಲ್ಡ್ಸ್ ಮತ್ತು ಮಿಲ್ನರ್ ಎಂಬ ಸಂಶೋಧಕರು ಇಲಿಯ ಮಿದುಳಿಗೆ ತಂತಿ ಇಟ್ಟು, ಸನ್ನೆಕೋಲು ಒತ್ತಿದರೆ ವಿದ್ಯುತ್ ಹರಿಯುವಂತೆ ಮಾಡಿದರು. ಇಂಥ ಪ್ರಯೋಗಗಳಲ್ಲಿ ಇಲಿಗಳು ಗಂಟೆಗೆ ಸಾವಿರಾರು ಸಲ ಒತ್ತಿದವು. ಒತ್ತುವ ಇಲಿ ಬೇರೆ ಕೆಲಸ ಮಾಡುವುದಿಲ್ಲ. ಅದು ಸುಖಿಸುತ್ತಿತ್ತೋ, ಬರೀ ಬೇಕುಬೇಕೆಂಬ ತಹತಹದಲ್ಲಿತ್ತೋ ಎಂಬ ಅನುಮಾನವನ್ನು ನಂತರದ ಸಂಶೋಧನೆ ಎತ್ತಿದೆ. ಪೂರ್ತಿ ಸುಖಿಯಾದ ಪ್ರಜೆ ಹೊಲ ಉಳುವುದಿಲ್ಲ, ಕಾವಲು ಕಾಯುವುದಿಲ್ಲ. ಆದ್ದರಿಂದ ಯಾವ ಸರ್ಕಾರಕ್ಕೂ ಪೂರ್ತಿ ಸಂತೋಷ ಬೇಕಿಲ್ಲ. ಬೇಕಾದದ್ದು ಕೆಲಸಕ್ಕೆ ಬರುವಷ್ಟು ಅತೃಪ್ತಿ, ದೂರು ಕೊಡದಷ್ಟು ತೃಪ್ತಿ.

ಪ್ರಶ್ನೆ: ಇಂಥ ವ್ಯವಸ್ಥೆ ಕುಸಿಯುವುದು ಹೇಗೆ? ನಾಯಕನಿಲ್ಲದೆ ಕುಸಿಸಬಹುದೇ?

ಉತ್ತರ: ಧಾರಾಳವಾಗಿ. ಸಮಾಜಶಾಸ್ತ್ರಜ್ಞ ಮಾರ್ಕ್ ಗ್ರಾನೊವೆಟರ್ 1978ರಲ್ಲಿ ತೋರಿಸಿದ ಲೆಕ್ಕ ಕಥೆಗಾರರಿಗೆ ಬಂಗಾರ. ಚೌಕದಲ್ಲಿ 100 ಜನ ನಗುನಗುತ್ತಾ ಚಪ್ಪಾಳೆ ತಟ್ಟುತ್ತಿದ್ದಾರೆ. ಎಲ್ಲರಿಗೂ ನಿಲ್ಲಿಸುವ ಆಸೆ. ಒಬ್ಬೊಬ್ಬರ ಧೈರ್ಯವೂ ಬೇರೆ: ಮೊದಲನೆಯವನು ಯಾರೂ ನಿಲ್ಲಿಸದಿದ್ದರೂ ನಿಲ್ಲಿಸುತ್ತಾನೆ, ಎರಡನೆಯವಳಿಗೆ ಒಬ್ಬ ಮೊದಲು ನಿಲ್ಲಿಸಿರಬೇಕು, ಮೂರನೆಯವನಿಗೆ ಇಬ್ಬರು, ಹೀಗೆ ನೂರನೆಯವನಿಗೆ 99 ಮಂದಿ. ಮೊದಲನೆಯವನು ಕೈ ಇಳಿಸಿದ, ಎರಡನೆಯವಳು ಇಳಿಸಿದಳು, ಸಾಲಾಗಿ ನೂರೂ ಮಂದಿ ನಿಂತರು. ಈಗ ಎರಡನೆಯವಳ ಧೈರ್ಯವನ್ನು ಮಾತ್ರ ಚೂರು ಕಡಿಮೆ ಮಾಡಿ, ಅವಳಿಗೂ ಇಬ್ಬರು ಬೇಕು ಎನ್ನಿ. ಮೊದಲನೆಯವನು ಒಬ್ಬನೇ ಉಳಿದ, ಅವನನ್ನು ಎಳೆದೊಯ್ದರು, 99 ಮಂದಿ ಚಪ್ಪಾಳೆ ಮುಂದುವರಿಸಿದರು. ಎರಡೂ ಊರಿನ ಜನರ ಅತೃಪ್ತಿ ಹೆಚ್ಚುಕಡಿಮೆ ಒಂದೇ. ಒಂದು ಊರಿನಲ್ಲಿ ಸರ್ಕಾರ ಉರುಳಿತು, ಇನ್ನೊಂದರಲ್ಲಿ ಪತ್ರಿಕೆಗಳು ‘ಜನತೆಯ ಹರ್ಷೋದ್ಗಾರ’ ಎಂದು ಬರೆದವು.

ಫೋನಿನ ಸುದ್ದಿಯ ಪ್ರಶ್ನೆಯಲ್ಲಿ ‘ಏಕೆ’ ಎಂದು ಬಾಕಿಯಿಟ್ಟಿದ್ದಕ್ಕೆ ಉತ್ತರ ಇಲ್ಲಿದೆ. ಸರ್ಕಾರ ಕಡ್ಡಾಯ ನಗುವಿಗೆ ಅಷ್ಟು ಖರ್ಚು ಮಾಡುವುದು ಈ ಸರಪಳಿಯ ಕೊಂಡಿಗಳು ಪರಸ್ಪರ ಕಾಣದಂತೆ ಮಾಡಲು. ಮನಸ್ಸಿನಲ್ಲಿ ಒಂದು, ಬಾಯಲ್ಲಿ ಇನ್ನೊಂದು ಎಂಬ ಈ ಸ್ಥಿತಿಯನ್ನು ಅರ್ಥಶಾಸ್ತ್ರಜ್ಞ ತಿಮುರ್ ಕುರಾನ್ ವಿವರವಾಗಿ ಅಧ್ಯಯನ ಮಾಡಿದ್ದಾರೆ. ಕ್ರಾಂತಿಗಳು ಆಗುವವರೆಗೆ ಯಾರಿಗೂ ಗೊತ್ತಾಗದೆ, ಆದಮೇಲೆ ಎಲ್ಲರಿಗೂ ಸಹಜ ಅನ್ನಿಸುವುದು ಇದರಿಂದಲೇ.

ನಿಜ ಘಟನೆ ಬೇಕಿದ್ದರೆ 1989ರ ಡಿಸೆಂಬರ್ 21ರ ಬುಕಾರೆಸ್ಟ್, ರೊಮೇನಿಯಾದ ರಾಜಧಾನಿ. ಕಾರ್ಖಾನೆಗಳಿಂದ ಕರೆತಂದ ಜನ, ಕೈಯಲ್ಲಿ ಸಿದ್ಧ ಫಲಕಗಳು, ಮೇಲೆ ಮಹಡಿಯ ಮುಂಚಾಚಿನಲ್ಲಿ ಸರ್ವಾಧಿಕಾರಿ ಚೌಷೆಸ್ಕು, ದೇಶಕ್ಕೆಲ್ಲ ನೇರ ಪ್ರಸಾರ. ಗುಂಪಿನ ಹಿಂದಿನಿಂದ ಕೂಗು ಎದ್ದಿತು. ಅವನ ಮಾತು ನಿಂತಿತು, ಮುಖದಲ್ಲಿ ಗಲಿಬಿಲಿ ಕಂಡಿತು, ಪ್ರಸಾರ ಕೆಲ ನಿಮಿಷ ಕಡಿಯಿತು. ಮತ್ತೆ ಮಾತು ಶುರುಮಾಡಿ ಸಂಬಳ ಏರಿಕೆಯ ಭರವಸೆ ಕೊಟ್ಟ. ಅಷ್ಟರಲ್ಲಿ ನೋಡಬೇಕಾದ್ದನ್ನು ದೇಶ ನೋಡಿಯಾಗಿತ್ತು. ಮರುದಿನ ಹೆಲಿಕಾಪ್ಟರಿನಲ್ಲಿ ಪಲಾಯನ, 25ರಂದು ಮರಣದಂಡನೆ. ಗಮನಿಸಿ: ಆ ಸಭೆಯನ್ನು ಕರೆದದ್ದು ಅವನೇ, ಕ್ಯಾಮೆರಾ ಇಡಿಸಿದ್ದೂ ಅವನದೇ ಸರ್ಕಾರ.

ಪ್ರಶ್ನೆ: ಎಲ್ಲ ಓದಿದ್ದೇನೆ, ಟಿಪ್ಪಣಿ ಮಾಡಿದ್ದೇನೆ. ಬರೆಯಲು ಎಲ್ಲಿಂದ ಶುರು ಮಾಡಲಿ?

ಉತ್ತರ: ಒಂದು ಅರ್ಜಿ ನಮೂನೆಯಿಂದ. ಕುಳಿತು ನಿಮ್ಮ ದೇಶದ ‘ಮಾಸಿಕ ಸಂತೋಷ ಘೋಷಣಾ ಪತ್ರ’ವನ್ನು ನಿಜವಾಗಿಯೂ ತಯಾರಿಸಿ. 12 ಪ್ರಶ್ನೆ ಸಾಕು. ಯಾರು ತುಂಬಬೇಕು, ಯಾವ ತಾರೀಖಿನೊಳಗೆ, ತಪ್ಪಿದರೆ ದಂಡ ಎಷ್ಟು, ಎಷ್ಟು ಅಂಕಕ್ಕಿಂತ ಕೆಳಗಿದ್ದರೆ ಯಾವ ಅಧಿಕಾರಿ ಮನೆಗೆ ಬರುತ್ತಾನೆ, ಅವನು ಬಂದ ಖರ್ಚು ಯಾರ ತಲೆಗೆ, ಮಕ್ಕಳ ಪರವಾಗಿ ಸಹಿ ಯಾರದ್ದು, ಎಲ್ಲ ಬರೆಯಿರಿ. ಆಮೇಲೆ ಆ ನಮೂನೆಯನ್ನು ಮೂವರ ಹೆಸರಲ್ಲಿ ನೀವೇ ತುಂಬಿ: ನಿಜಕ್ಕೂ ಖುಷಿಯಾಗಿರುವ, ಆದರೆ ಯಾರೂ ನಂಬದ ಒಬ್ಬ ಹುಡುಗ, ಅಂಕ ಹೆಚ್ಚಿಸಿದರೆ ಬಡ್ತಿ ಸಿಗುವ ಒಬ್ಬ ಗುಮಾಸ್ತ, ಮೂರು ದಿನದ ಹಿಂದೆ ತಾಯಿಯನ್ನು ಕಳೆದುಕೊಂಡ ಒಬ್ಬಳು. ಮೂರನೆಯದನ್ನು ತುಂಬುವಾಗ ಪೆನ್ನು ಯಾವುದೋ ಒಂದು ಪ್ರಶ್ನೆಯ ಮುಂದೆ ನಿಲ್ಲುತ್ತದೆ, ಮೊದಲ ಅಧ್ಯಾಯ ಅಲ್ಲಿದೆ.

ನಮೂನೆಯನ್ನು ಇಡಿಯಾಗಿ ಕಾದಂಬರಿಯಲ್ಲಿ ಅಚ್ಚು ಹಾಕಿಸಬೇಡಿ. ಮೂರು ಪ್ರಶ್ನೆ ಕಂಡರೆ ಸಾಕು, ಓದುಗರು ಉಳಿದ ಒಂಬತ್ತನ್ನು ತಾವೇ ಊಹಿಸಿಕೊಳ್ಳುತ್ತಾರೆ.